ಫುಲ್ಬೇರ್ ತಲೆಯ ಮೇಲಿನ ಹಬೆ

ಫ್ರಾನ್ಸಿನ ನೀಸ್ ಪಟ್ಟಣದ ಮೊಸ್ಯೂ ಫುಲ್ಬೇರ್ ಯಾವ ಬಾಗಿಲನ್ನೂ ಕೈಯಿಂದ ತಳ್ಳುವವರಲ್ಲ. ಕೊಡೆಯ ತುದಿಯಿಂದ ತಳ್ಳಿ, ಮೇಲಿಂದ ಏನೂ ಬೀಳಲಿಲ್ಲವೆಂದು ಖಾತ್ರಿಯಾದ ಮೇಲೆಯೇ ಒಳಗೆ ಹೆಜ್ಜೆ ಇಡುತ್ತಾರೆ. ಕುರ್ಚಿಗೆ ಅಂಟು ಸವರಿದೆಯೇ ಎಂದು ತಡವಿ ನೋಡದೆ ಕೂರುವುದಿಲ್ಲ, ಚರ್ಚಿನಲ್ಲೂ. ಆರು ವರ್ಷ ಮೂಕಿ ಚಿತ್ರಗಳಲ್ಲಿ ತೀತೂ ಎಂಬ ತುಂಟ ಹುಡುಗನ ಕೈಗೆ ಸಿಕ್ಕಿ ತೊಯ್ದು ತೊಪ್ಪೆಯಾಗುವ ಡುಮ್ಮಣ್ಣನ ಪಾತ್ರ ಅವರದಾಗಿತ್ತು. "ಆ ಕೆಲ್ಸ ಬಿಟ್ಟು ಹತ್ತು ವರ್ಷ ಆಯ್ತಲ್ರೀ!" ಎಂದು ಹೆಂಡತಿ ಲಿಯೋನಿ ಗದರಿದರೆ, "ಆ ಪೋಕ್ರೀನ ನಂಬೋಕಾಗಲ್ಲ ಕಣೇ" ಎನ್ನುತ್ತಾ, ಬದಲಿಗೊಂದು ಒಣ ಅಂಗಿಯನ್ನು ಚೀಲಕ್ಕೆ ತುರುಕಿಕೊಂಡೇ ಮಾರುಕಟ್ಟೆಗೆ ಹೊರಡುತ್ತಾರೆ. ಪೋಕರಿಯೋ, ಎತ್ತರ ಬೆಳೆದ ತಪ್ಪಿಗೆ ಚಿತ್ರ ಕಂಪನಿಯಿಂದ ಹೊರಬಿದ್ದು ತಾಯಿಯ ಜೊತೆ ಯಾವ ಊರು ಸೇರಿದನೋ, ಒಂದು ಕಾಗದವೂ ಇಲ್ಲ. ಅವನ ಹಳೆಯ ಚಿತ್ರ ಎಲ್ಲಿ ಹಾಕಿದರೂ ಫುಲ್ಬೇರ್ ಮುಂದಿನ ಸಾಲಿನಲ್ಲಿ ಹಾಜರ್. ಅದರಲ್ಲೂ ಜನವರಿಯ ಚಳಿಯಲ್ಲಿ ತೆಗೆದ ಆ ಒಂದು ಚಿತ್ರವನ್ನು ತಪ್ಪಿಸಿದ್ದೇ ಇಲ್ಲ. ಅಂದು ತೀತೂ ಓಡಿಬಂದು ಅವರ ಕಿವಿಯಲ್ಲಿ, "ಮಾಮ, ಹೆದರ್ಕೋಬೇಡ, ಯಾರಿಗೂ ಗೊತ್ತಾಗ್ದಂಗೆ ಬಕೆಟ್ಟಿನ ತಣ್ಣೀರಿಗೆ ಬಿಸಿನೀರು ಬೆರೆಸಿದೀನಿ" ಎಂದಿದ್ದ. ಕಿಟಕಿಯಿಂದ ಅವನು ಬಕೆಟ್ ಸುರಿದದ್ದೇ ತಡ, ಫುಲ್ಬೇರರ ಬೋಳುತಲೆಯಿಂದ ಹಬೆ ಎದ್ದು ಚಿತ್ರದಲ್ಲೂ ಮೂಡಿಬಿಟ್ಟಿತು. ಗುಟ್ಟು ರಟ್ಟಾಗಿ ನಿರ್ದೇಶಕರು ಹುಡುಗನ ಕಿವಿ ಹಿಂಡಿದರು. ಇವತ್ತಿಗೂ ಆ ಜಾಗ ಬಂದರೆ ಥಿಯೇಟರಿಗೆ ಥಿಯೇಟರೇ ಬಿದ್ದು ಬಿದ್ದು ನಗುತ್ತದೆ. ಫುಲ್ಬೇರ್ ಮಾತ್ರ ಟೋಪಿ ತೆಗೆದು, ನೆತ್ತಿಯ ಮೇಲೆ ಕೈಯಿಟ್ಟುಕೊಂಡು, ಆ ಹಬೆ ಕರಗುವವರೆಗೂ ಕಣ್ಣು ಮಿಟುಕಿಸುವುದಿಲ್ಲ.