ದೊಡ್ಡಮ್ಮನಿಗೆ ಅಳಲು ಹೋದದ್ದು

ಚನ್ನರಾಯಪಟ್ಟಣದಿಂದ ಬೆಳಗ್ಗೆ ಏಳಕ್ಕೆ ಹೊರಟೆ. ಆಧಾರ್ ತೋರಿಸಿದ್ದಕ್ಕೆ ಕಂಡಕ್ಟರ್ ಸೊನ್ನೆ ರೂಪಾಯಿಯ ಟಿಕೆಟ್ ಕೊಟ್ಟರು. ಹೊಳೆನರಸೀಪುರದಲ್ಲಿ ಬಸ್ಸು ಬದಲಿಸಿ ಹಳ್ಳಿಮೈಸೂರು ಮುಟ್ಟುವಾಗ ಹತ್ತಾಗಿತ್ತು. ಹತ್ತೂವರೆಯೂ ಇರಬಹುದು, ಡೈರಿಯಲ್ಲಿ ಬರೆದಿಲ್ಲ. ಮೋಡ ಕವಿದಿತ್ತು, ಮಳೆಯಿರಲಿಲ್ಲ.

ಕಾಲೇಜಿನ ಗೆಳತಿ ಮೈತ್ರಿ ಕಾಯುತ್ತಿದ್ದಳು. ಅವಳು ಕಲಾವಿದೆ. ಇದ್ದಿಲಿನಲ್ಲಿ ಚಿತ್ರ ಬರೆಯುತ್ತಾಳೆ, ಆ ಚಿತ್ರದ ಮುಂದೆ ನಿಂತು ಅಭಿನಯಿಸುತ್ತಾಳೆ, ಅದನ್ನೇ ಸಿನಿಮಾ ಮಾಡುತ್ತಾಳೆ. ಮೂರರಲ್ಲಿ ನಿನ್ನ ಕೆಲಸ ಯಾವುದು ಎಂದರೆ ನಗುತ್ತಾಳೆ. ಈಗ ಸತ್ತವರಿಗಾಗಿ ಹಾಡಿಕೊಂಡು ಅಳುವುದನ್ನು ಆ ಊರಿನ ನಿಂಗಮ್ಮನವರಿಂದ ಕಲಿಯುತ್ತಿದ್ದಳು. ಪದ ಬರೆದುಕೊಳ್ಳಲು ನನ್ನನ್ನು ಕರೆದಿದ್ದಳು. ಮುಂದಿನ ತಿಂಗಳು ಹಾಸನದಲ್ಲಿ ಪ್ರದರ್ಶನ. ಅಲ್ಲಿರುವ ನನ್ನ ಅಮ್ಮನೂ ನೋಡಲು ಬರುವವರಿದ್ದರು.

ಸಾವಿಲ್ಲದ ಮನೆಯಲ್ಲಿ ಅಳಬಾರದೆಂದು ನಿಂಗಮ್ಮ ನಮ್ಮನ್ನು ಹೊಲಕ್ಕೆ ಕರೆದೊಯ್ದರು.

"ಯಾರ್ಗೆ ಅಳ್ಳಿ? ಎಸ್ರೇಳ್ರವ್ವ. ಸುಮ್ಸುಮ್ನೆ ಅಳಕ್ಕೆ ನಾನೇನು ಎಳೇ ಮಗಾನಾ?"

"ನನ್ನ ಹೆಸರೇ ಇಟ್ಕೊಳ್ಳಿ," ಎಂದಳು ಮೈತ್ರಿ.

"ಬದ್ಕಿರೋಳ್ಗಾ? ನಿನ್ ಗಂಡ ದೊಣ್ಣೆ ತಕ್ಕೊಂಡು ಬತ್ತಾನೆ ಕಣ್ಮಗ."

ನಾನು ದೊಡ್ಡಮ್ಮನ ಹೆಸರು ಹೇಳಿದೆ. ನನ್ನನ್ನು ಎತ್ತಿ ಆಡಿಸಿದವರು. ಅವರು ಹೋದಾಗ ನಾನು ದೂರದಲ್ಲಿದ್ದೆ. ಬರಲಿಲ್ಲ, ಅಳಲೂ ಇಲ್ಲ.

"ಏನಾರ ಗುರ್ತೇಳು," ಎಂದರು ನಿಂಗಮ್ಮ. "ಎಲ್ಲಾರ್ಗೂ ಒಂದೇ ಅಳು ಅತ್ರೆ ಸತ್ತೋರ್ಗೆ ಗೊತ್ತಾಗಕಿಲ್ಲ."

"ಎಡಗೈಲಿ ರಂಗೋಲಿ ಬಿಡೋರು," ಎಂದೆ.

'ಎಡಗೈಯ ರಂಗೋಲಿ ಇನ್ಯಾರು ಬುಟ್ಟಾರು ನನ್ನವ್ವ' ಎಂದು ನಿಂಗಮ್ಮ ದನಿ ಎತ್ತಿಕೊಂಡರು. ಮೈತ್ರಿ ಕ್ಯಾಮೆರಾ ಓಡಲು ಬಿಟ್ಟು ಹಿಂದೆ ಕುಳಿತು ಅವರ ಭುಜವನ್ನೂ ಉಸಿರನ್ನೂ ಅನುಕರಿಸಿದಳು. ನಾನು ಬರೆಯುವುದನ್ನು ಬಿಟ್ಟು ಬಿಕ್ಕಿದೆ.

ಸಂಜೆ ಅರಕಲಗೂಡಿಗೆ ಹೋಗಿ ಮೈತ್ರಿಯ ಬಾಡಿಗೆ ಕೋಣೆಯಲ್ಲಿ ಉಳಿದೆವು. ಮರುದಿನ ಇಡ್ಲಿ ತಿನ್ನುತ್ತ ಚಿತ್ರೀಕರಿಸಿದ್ದನ್ನು ನೋಡುವಾಗ ಕೈ ನಿಂತಿತು. ದೊಡ್ಡಮ್ಮ ನಾನು ಹುಟ್ಟುವ ಮೊದಲೇ ವಿಧವೆ. ನಮ್ಮ ಮನೆಯಲ್ಲಿ ಅವರ ಕೈಗೆ ಯಾರೂ ರಂಗೋಲಿ ಕೊಡುತ್ತಿರಲಿಲ್ಲ. ಎಡಗೈ ಅಮ್ಮನದು. ಬದುಕಿರುವ ಅಮ್ಮನಿಗಾಗಿ ನಿಂಗಮ್ಮನಿಂದ ಅಳಿಸಿಬಿಟ್ಟಿದ್ದೆ.

"ತೆಗೆದುಬಿಡು," ಎಂದೆ.

"ತೆಗೀತೀನಿ ಕಣೇ. ಅಲ್ಲಿಗೇನು ಹಾಕ್ಲಿ? ನಿಮ್ಮ ದೊಡ್ಡಮ್ಮಂದೇ ಏನಾದ್ರೂ ಕೊಡು."

ಊರಿಗೆ ಮರಳಲು ನೇರ ಹಾಸನದ ಬಸ್ಸಿತ್ತು. ಅದನ್ನು ಬಿಟ್ಟು ಮತ್ತೆ ಹಳ್ಳಿಮೈಸೂರಿಗೆ ಹೋಗಿ ಬಸ್ಸು ನಿಲ್ಲುವಲ್ಲೇ ಸಿಕ್ಕ ನಿಂಗಮ್ಮನಿಗೆ ತಪ್ಪೊಪ್ಪಿಕೊಂಡೆ. ಅವರು ಎಲೆಯಡಿಕೆ ಉಗಿದು ಬಂದರು.

"ಬದ್ಕಿರೋರ್ಗೆ ಅತ್ರೆ ಏನಾದದೋ ನನ್ಗೂ ಗೊತ್ತಿಲ್ಲ ಕಣವ್ವ. ಇದ್ವರ್ಗೂ ಅತ್ತಿಲ್ಲ. ಆದ್ರೆ ನಿಮ್ ದೊಡ್ಡವ್ವುನ್ಗೆ ಅತ್ತಂಗಾಗ್ಲಿಲ್ಲ. ಇನ್ನೊಂದು ಸಲ ಅಳ್ತೀನಿ, ಗುರ್ತೇಳು. ಮನೇಲಿ ಏನ್ ಮಾಡ್ತಿದ್ಲು?"

"ಒಳಗಡೆ ಇರ್ತಿದ್ರು."

"ಒಳ್ಗೆ ಏನ್ ಮಾಡ್ತಿದ್ಲು?"

ಹೊಳೆನರಸೀಪುರದ ಬಸ್ಸು ಬಂತು. ಹತ್ತಿ ಹಿಂದಿನ ಕಿಟಕಿಯಿಂದ ನೋಡಿದೆ. ನಿಂಗಮ್ಮ ಮನೆಗೆ ಹೊರಟಿರಲಿಲ್ಲ. ಉತ್ತರಕ್ಕೆ ಕಾಯುವವರಂತೆ ಬಸ್ಸನ್ನೇ ನೋಡುತ್ತ ನಿಂತಿದ್ದರು.