ಟಾಮ್ ಕುರ್ಚಿಯಲ್ಲಿ ಏಳು ಪಂದ್ಯ

ಗಾಲ್ವೇಯಲ್ಲಿ ನಾನು ನೋಡಿದ ಮೊದಲ ಫುಟ್‌ಬಾಲ್ ಪಂದ್ಯದ ದಿನ, ಪಕ್ಕದ ಮನೆಯ ನೋರಾ ಎದ್ದು ನಿಂತು ರೆಫರಿಯ ಕಣ್ಣು, ತಲೆ, ಹುಟ್ಟು ಎಲ್ಲವನ್ನೂ ಸೇರಿಸಿ ಬೈದರು. ನಾನು ಗಾಬರಿಯಾಗಿ ಸುತ್ತ ನೋಡಿದೆ. ಎಪ್ಪತ್ನಾಲ್ಕು ವರ್ಷದ ಹೆಂಗಸು. ಭಾನುವಾರ ತಪ್ಪದೆ ಚರ್ಚಿಗೆ ಹೋಗುವವರು, ನಾಯಿಗೂ ಜೋರಾಗಿ ಹಚಾ ಎನ್ನದವರು. ಬೈದು ಮುಗಿಸಿ ಕೂತರು, ಸ್ಕರ್ಟು ಸರಿ ಮಾಡಿಕೊಂಡರು, ನನ್ನ ಕಡೆ ತಿರುಗಿ, "ಚಳಿ ಆಗ್ತಿಲ್ಲ ತಾನೆ, ಪೆಟ್?" ಎಂದರು. ಪೆಟ್ ಎಂದರೆ ಇಲ್ಲಿಯ ಹಿರಿಯರು ಅಕ್ಕರೆಯಿಂದ ಕರೆಯುವ ಮಾತು. ನಮ್ಮ ಹುಬ್ಬಳ್ಳಿ ಕಡೆ ಮುದುಕಿಯರು "ಯವ್ವಾ" ಎಂದಂತೆ.

ನಾನು ಕೂತಿದ್ದದ್ದು ಅವರ ಗಂಡ ಟಾಮ್ ಅವರ ಕುರ್ಚಿ. ಟಾಮ್ ತೀರಿಕೊಂಡ ಮೇಲೂ ನೋರಾ ಆ ಕುರ್ಚಿಯ ಸೀಸನ್ ಪಾಸನ್ನು ಬಿಟ್ಟಿರಲಿಲ್ಲ. ಬೇಲಿಯ ಮೇಲಿನಿಂದ ಮಾತಾಡುತ್ತ ಮಾತಾಡುತ್ತ ಒಂದು ದಿನ, "ಶುಕ್ರವಾರ ಬಾ, ಖಾಲಿ ಕುರ್ಚಿ ಪಕ್ಕ ಕೂತೂ ಕೂತೂ ಸಾಕಾಗಿದೆ" ಎಂದರು. ನಮ್ಮ ಮನೆಯವರು ನಕ್ಕರು. "ಹುಬ್ಬಳ್ಯಾಗ ಕ್ರಿಕೆಟ್ ಹಚ್ಚಿದ್ರ ಟೀವಿ ಬಂದ್ ಮಾಡ್ತಿದ್ದಿ. ಇಲ್ಲಿ ಮಳ್ಯಾಗ ಕುಂತು ಫುಟ್‌ಬಾಲ್ ನೋಡ್ತೀಯೇನು?"

ನೋಡಿದೆ. ಶುಕ್ರವಾರ ಮಧ್ಯಾಹ್ನ ಜುಮ್ಮಾ ನಮಾಜು ಮುಗಿಸಿ ಅವರು ಮತ್ತೆ ಕೆಲಸಕ್ಕೆ ಹೋದ ಮೇಲೆ ನಾನು ಫ್ಲಾಸ್ಕಿಗೆ ಚಹಾ ತುಂಬುತ್ತಿದ್ದೆ, ಡಬ್ಬಿಗೆ ಮಂಡಕ್ಕಿಯ ಗಿರ್ಮಿಟ್ಟು ಕಲಸುತ್ತಿದ್ದೆ. ಮೈದಾನದ ಅಂಗಡಿಯಲ್ಲಿ ನಾನು ತಿನ್ನಬಹುದಾದದ್ದು ವಿನೆಗರ್ ಸುರಿದ ಆಲೂಗಡ್ಡೆ ಚಿಪ್ಸ್ ಒಂದೇ. ನೋರಾ ಮೊದಲ ಸಲ ಗಿರ್ಮಿಟ್ಟು ಬಾಯಿಗೆ ಹಾಕಿಕೊಂಡು, "ಅಯ್ಯೋ ದೇವರೇ, ಬೆಳಗ್ಗೆ ಹಾಲಿಗೆ ಹಾಕಿ ತಿನ್ನೋ ಸೀರಿಯಲ್‌ಗೆ ಯಾರಾದರೂ ಖಾರ ಹಚ್ಚುತ್ತಾರಾ?" ಎಂದು ಕೆಮ್ಮಿದರು. ಮುಂದಿನ ವಾರ ಸ್ವಂತ ಚಮಚ ತಂದರು.

ನಮ್ಮ ಗಾಲ್ವೇ ತಂಡ ಆ ವರ್ಷ ಪಟ್ಟಿಯ ತಳದಲ್ಲಿತ್ತು. ಕೊನೆಯ ಸ್ಥಾನಕ್ಕೆ ಬಂದವರು ಕೆಳಗಿನ ದರ್ಜೆಗೆ ಬೀಳಬೇಕು. ಊರಿನಲ್ಲಿ ಉಳಿದಿದ್ದ ಏಳು ಪಂದ್ಯಗಳನ್ನು ನೋರಾ ಒಂದು ಚೀಟಿಯಲ್ಲಿ ಬರೆದುಕೊಟ್ಟಿದ್ದರು. ಅದನ್ನು ಫ್ರಿಜ್ಜಿಗೆ ಅಂಟಿಸಿದೆ. ಅದೇ ವಾರ ಇನ್ನೊಂದು ಕಾಗದ ಬಂತು: ಮನೆ ಮಾರುತ್ತಿದ್ದೇವೆ, ಖಾಲಿ ಮಾಡಿ. ಕೊಟ್ಟಿದ್ದ ದಿನ ಏಳನೆಯ ಪಂದ್ಯದ ಮರುವಾರ. ಅದನ್ನೂ ಪಕ್ಕದಲ್ಲೇ ಅಂಟಿಸಿದೆ.

ಹುಬ್ಬಳ್ಳಿಯಲ್ಲಿ ಮನೆ ಬಿಡಿಸಬೇಕೆಂದರೆ ಮಾಲೀಕ ಬಂದು ಚಹಾ ಕುಡಿದು, ತಮ್ಮನ ಮದುವೆಯ ನೆಪ ಹೇಳಿ, ಎರಡು ಸಲ ಜಗಳಾಡಿ, ಮೂರನೆಯ ಸಲ ಓಣಿಯ ಹಿರಿಯರನ್ನು ಕರೆತರುತ್ತಾನೆ. ಇಲ್ಲಿ ಕಾಗದ ಬರುತ್ತದೆ. ಅದರಲ್ಲಿ ಪ್ಲೀಸ್ ಎಂಬ ಮಾತೂ ಇರುತ್ತದೆ.

ಮನೆಯ ಮಾಲೀಕ ಡೆಕ್ಲನ್ ನೋರಾ ಅವರ ತಂಗಿಯ ಮಗ. ಹಾಗಾಗಿ ಏಳರಲ್ಲಿ ಮೊದಲ ಪಂದ್ಯದ ನಡುವಿನ ಬಿಡುವಿನಲ್ಲಿ ಅವರಿಗೇ ಹೇಳಿದೆ. ಮಗಳು ಸನಾಳ ಶಾಲೆ ಇಲ್ಲೇ ಇದೆ, ನಮ್ಮ ಮನೆಯವರ ಕಂಪನಿ ಇಲ್ಲೇ ಇದೆ, ಈ ಊರಿನಲ್ಲಿ ಬಾಡಿಗೆ ಮನೆ ಸಿಗುವುದು ಎಷ್ಟು ಕಷ್ಟ ಅಂತ ನಿಮಗೇ ಗೊತ್ತಲ್ಲ ಎಂದೆ. ನೋರಾ ನನ್ನ ಕೈ ಹಿಡಿದುಕೊಂಡರು. "ನಾನು ಡೆಕ್ಲನ್ ಹತ್ತಿರ ಒಂದು ಮಾತು ಹೇಳ್ತೀನಿ. ನೀನು ಚಿಂತೆ ಮಾಡಬೇಡ, ಪೆಟ್. ಎಲ್ಲಾ ಗ್ರ್ಯಾಂಡ್ ಆಗುತ್ತೆ." ಎಲ್ಲ ಸರಿಯಿದೆ, ಚೆನ್ನಾಗಿದೆ ಎನ್ನುವುದಕ್ಕೆಲ್ಲ ಇಲ್ಲಿ ಗ್ರ್ಯಾಂಡ್ ಎಂಬುದೊಂದೇ ಮಾತು.

ಹುಬ್ಬಳ್ಳಿ ಬಸ್‌ಸ್ಟ್ಯಾಂಡಿನಲ್ಲಿ ಕಿಟಕಿಯಿಂದ ಟವೆಲ್ ಒಗೆದು ಸೀಟು ಹಿಡಿಯುವುದನ್ನು ನೀವೂ ನೋಡಿರಬೇಕಲ್ಲ? ಟವೆಲ್ ಬಿದ್ದ ಮೇಲೆ ನಾವು ನಿಶ್ಚಿಂತೆಯಾಗಿ ಚಹಾ ಕುಡಿದು ಹತ್ತುತ್ತಿದ್ದೆವು. ನೋರಾ ಅವರ ಮಾತು ನನಗೆ ಆ ಟವೆಲ್ ಆಯಿತು. ನಮ್ಮ ಡಬ್ಬಿಯ ಗಿರ್ಮಿಟ್ಟು ತಿಂದ ಹಿರಿಯರು ಮಾತು ಕೊಟ್ಟಿದ್ದಾರೆ. ಅದರ ಮೇಲೆ ನಾವು ಊರೆಲ್ಲ ಮನೆ ಹುಡುಕುತ್ತ ತಿರುಗಿದರೆ ಅವರ ಮಾತಿಗೆ ಬೆಲೆ ಎಲ್ಲಿ ಉಳಿಯಿತು?

ಎರಡನೆಯ ಪಂದ್ಯ ಸೋತೆವು. ಮೂರನೆಯದರ ಹಿಂದಿನ ದಿನ ನಮ್ಮ ಮನೆಯವರು ಸುದ್ದಿ ತಂದರು. ಕಂಪನಿಯ ಗೆಳೆಯರೊಬ್ಬರು ಮನೆ ಬಿಡುತ್ತಿದ್ದರು, ಸನಾಳ ಶಾಲೆಯ ಹಿಂದಿನ ಬೀದಿ. ತಾನೇ ಮಾಲೀಕರಿಗೆ ಹೇಳಿ ಕೊಡಿಸುತ್ತೇನೆ ಎಂದಿದ್ದರಂತೆ.

"ಹೂಂ ಅಂತ ಹೇಳ್ಲೇನು, ಶಮೀಮ್? ನಾಳೆ ಸಂಜಿ ಒಳಗ ಹೇಳಬೇಕು."

"ಬ್ಯಾಡ್ರಿ. ದೊಡ್ಡಾರು ಮಾತ್ ಕೊಟ್ಟಾರ. ಈಗ ನಾವು ಬ್ಯಾರೆ ಮನಿ ಹಿಡಿದ್ರ ಏನ್ ತಿಳ್ಕೊಂತಾರ ಅವರು?"

"ಮಾತ್ ಎಲ್ಲಿ ಕೊಟ್ಟಾರ? ಹೇಳ್ತೀನಿ ಅಂದಾರ."

"ಎರಡೂ ಒಂದರೀ!"

ಅವರು ಗೆಳೆಯರಿಗೆ ಫೋನ್ ಮಾಡಿ ಬೇಡ ಎಂದರು. ಆ ಮನೆ ಬೇರೆಯವರ ಪಾಲಾಯಿತು. ಮರುದಿನ ಮೈದಾನದಲ್ಲಿ ನಾನು ಹೆಮ್ಮೆಯಿಂದಲೇ ನೋರಾಗೆ ಹೇಳಿದೆ: "ಒಳ್ಳೆ ಮನೆ ಬಂದಿತ್ತು, ಬೇಡ ಅಂದುಬಿಟ್ವಿ. ನೀವು ಮಾತಾಡ್ತಿದ್ದೀರಲ್ಲ." ಅವರು ಡಬ್ಬಿಯಲ್ಲಿ ಚಮಚ ಆಡಿಸಿದರು. ಆಮೇಲೆ, "ಇವತ್ತು ಈರುಳ್ಳಿ ಜಾಸ್ತಿ ಹಾಕಿದ್ದೀಯಾ? ಬಹಳ ಚೆನ್ನಾಗಿದೆ" ಎಂದರು.

ನಾಲ್ಕನೆಯದು ಸಮ. ಐದನೆಯದು ಗೆಲುವು. ಪ್ರತಿ ಸಲ ನಾನು ಕೇಳಿದೆ, ಪ್ರತಿ ಸಲ ಅವರು ಗ್ರ್ಯಾಂಡ್ ಎಂದರು. ಆರನೆಯ ಪಂದ್ಯದ ದಿನ ಮಧ್ಯಾಹ್ನ ಇಬ್ಬರು ಬಂದು ನಮ್ಮ ಅಂಗಳದಲ್ಲಿ ಮಾರಾಟದ ಫಲಕ ನೆಟ್ಟರು. ನಾನು ಸೀದಾ ನೋರಾ ಅವರ ಬಾಗಿಲು ಬಡಿದೆ.

"ಡೆಕ್ಲನ್ ಆವತ್ತೇ ಆಗಲ್ಲ ಅಂದ," ಎಂದರು, ಬಾಗಿಲಿನ ಚೌಕಟ್ಟು ಹಿಡಿದುಕೊಂಡು.

"ಯಾವತ್ತು?"

"ಎರಡನೇ ಮ್ಯಾಚ್ ಸೋತ ಮೇಲೆ. ಆ ಸೋಮವಾರ."

ಎಂದರೆ ನಾನು ಈರುಳ್ಳಿ ಜಾಸ್ತಿ ಹಾಕಿದ ದಿನ ಅವರಿಗೆ ಗೊತ್ತಿತ್ತು. "ಹೇಳಬಹುದಿತ್ತಲ್ಲ ನೋರಾ," ಎಂದೆ.

"ನಿನ್ನ ಮುಖ ನೋಡಿ ಹೇಳೋಕೆ ಮನಸ್ಸು ಬರಲಿಲ್ಲ, ಪೆಟ್."

ಮನೆಗೆ ಬಂದು ಅತ್ತೆ. ಹನ್ನೆರಡು ವರ್ಷದ ಸನಾ ಹೋಮ್‌ವರ್ಕ್ ಬಿಟ್ಟು ಬಂದು ನನ್ನನ್ನೇ ನೋಡಿದಳು. ಕನ್ನಡ ಪೂರ್ತಿ ಅರ್ಥವಾಗುತ್ತದೆ, ಉತ್ತರ ಮಾತ್ರ ಗಾಲ್ವೇಯ ಇಂಗ್ಲಿಷಿನಲ್ಲಿ. ಅವಳು ಹೇಳಿದ್ದು ಇಷ್ಟು: ಅಮ್ಮಿ, ಇಲ್ಲಿ ಯಾರೂ 'ಇಲ್ಲ' ಅಂತ ಬಾಯಿ ಬಿಟ್ಟು ಹೇಳಲ್ಲ. ಮತ್ತೆ ಮತ್ತೆ 'ಹೂಂ' ಅಂದರೆ ಅದು 'ಇಲ್ಲ' ಅಂತಲೇ. ಎಲ್ಲರಿಗೂ ಗೊತ್ತು ಅದು. ಎಲ್ಲರಿಗೂ ಗೊತ್ತಿದ್ದದ್ದು ನನಗೆ ಗೊತ್ತಿರಲಿಲ್ಲ. ನಮ್ಮ ಮನೆಯವರು ಬಂದು ಫಲಕ ನೋಡಿದರು, ಫೋನ್ ತೆಗೆದು ಬಾಡಿಗೆ ಮನೆ ಹುಡುಕಲು ಕೂತರು. ಬೈದಿದ್ದರೆ ಒಳ್ಳೆಯದಿತ್ತು.

ಆಮೇಲಿನ ದಿನಗಳು ಮನೆ ನೋಡುವುದರಲ್ಲೇ ಹೋದವು. ಒಂದು ಮನೆಯ ಮುಂದೆ ರೇಷನ್ ಅಂಗಡಿಯಂತೆ ಸಾಲು. ಪ್ರತಿಯೊಬ್ಬರ ಕೈಯಲ್ಲೂ ಫೈಲು, ಹಳೆಯ ಮಾಲೀಕರ ಪತ್ರ. ಒಳಗೆ ಹೋಗಿ ಐದು ನಿಮಿಷ ಅಡುಗೆಮನೆ ನೋಡಿ ಹೊರಗೆ. ಏಜೆಂಟ್ ನಗುತ್ತ "ತಿಳಿಸ್ತೀವಿ" ಎನ್ನುತ್ತಿದ್ದ. ಆ ಮಾತಿನ ಅರ್ಥ ಈಗ ನನಗೆ ಗೊತ್ತಿತ್ತು.

ಕೊನೆಯ ಪಂದ್ಯಕ್ಕೆ ಹೋಗಬಾರದೆಂದಿದ್ದೆ. ನೋರಾ ಮಫ್ಲರ್ ಹಿಡಿದು ಬಾಗಿಲಿಗೆ ಬಂದರು, ನನ್ನ ಹಿಂದೆ ಕಟ್ಟಿಟ್ಟ ಸಾಮಾನಿನ ಡಬ್ಬಗಳನ್ನು ಕಂಡೂ ಕಾಣದಂತೆ ನಿಂತರು. ಹೋದೆ. ಗಿರ್ಮಿಟ್ಟು ಒಯ್ಯಲಿಲ್ಲ. ಗೆದ್ದರೆ ತಂಡ ಉಳಿಯುತ್ತದೆ, ಇಲ್ಲವಾದರೆ ಬೀಳುತ್ತದೆ. ಟಾಮ್ ಕುರ್ಚಿಯಲ್ಲಿ ಕೂತು ನಾನು ಬೀಳಲಿ ಎಂದು ಬೇಡಿಕೊಂಡೆ. ಈ ಊರಿನವರೂ ಒಂದು ಸಲ ತಮ್ಮ ಜಾಗ ಕಳೆದುಕೊಳ್ಳಲಿ. ಅಷ್ಟು ಕೆಟ್ಟ ದುವಾ ನಾನು ಜನ್ಮದಲ್ಲಿ ಕೇಳಿರಲಿಲ್ಲ.

ಆಟ ಮುಗಿಯಲು ಸ್ವಲ್ಪವೇ ಉಳಿದಿದ್ದಾಗ ಗೋಲು ಬಿತ್ತು, ನಮ್ಮದು. ಇಡೀ ಸ್ಟ್ಯಾಂಡ್ ಎದ್ದಿತು. ನೋಡಿದರೆ ನಾನೂ ನಿಂತಿದ್ದೆ, ಬಾಯಿ ತೆರೆದು ಕೂಗುತ್ತಿದ್ದೆ. ನೋರಾ ನನ್ನನ್ನು ತಬ್ಬಿಕೊಂಡು, "ಉಳಿದುಕೊಂಡ್ವಿ! ಮುಂದಿನ ವರ್ಷವೂ ಇಲ್ಲೇ ಇರ್ತೀವಿ!" ಎಂದರು. ಹೇಳಿದ ಮೇಲೆ ಅವರ ಕೈ ಸಡಿಲವಾಯಿತು. ಇಬ್ಬರೂ ಮೈದಾನದ ಕಡೆ ನೋಡುತ್ತ ಕೂತೆವು.

ಗಾಲ್ವೇಯಲ್ಲಿ ಮನೆ ಸಿಗಲೇ ಇಲ್ಲ. ಈಗ ನಾನೂ ಸನಾಳೂ ಬಸ್ಸಿನಲ್ಲಿ ಎರಡು ಮೂರು ಗಂಟೆ ದೂರದ ನೇಸ್ ಎಂಬ ಊರಿನಲ್ಲಿದ್ದೇವೆ, ವಿಜಯಪುರದ ಕುಟುಂಬವೊಂದರ ಮನೆಯ ಮೇಲಿನ ಎರಡು ಕೋಣೆಗಳಲ್ಲಿ. ಅವಳಿಗೆ ಹೊಸ ಶಾಲೆ. ಊಟದ ಬಿಡುವಿನಲ್ಲಿ ಯಾರ ಜೊತೆ ಕೂತೆ ಎಂದು ಕೇಳಿದರೆ ಗ್ರ್ಯಾಂಡ್ ಎನ್ನುತ್ತಾಳೆ. ಅವಳ ಅಪ್ಪ ಗಾಲ್ವೇಯಲ್ಲೇ, ಇನ್ನು ಮೂವರ ಜೊತೆ ಒಂದು ಕೋಣೆಯಲ್ಲಿ. ಅವರು ಶುಕ್ರವಾರ ಸಂಜೆ ನಮ್ಮ ಕಡೆಗೆ ಬಸ್ಸು ಹತ್ತುವ ಹೊತ್ತಿಗೆ ಅಲ್ಲಿ ಪಂದ್ಯ ಶುರುವಾಗುತ್ತದೆ. ನಾನು ರೊಟ್ಟಿ ಬಡಿಯುತ್ತ ಫೋನಿನಲ್ಲಿ ಸ್ಕೋರು ನೋಡುತ್ತೇನೆ. ಯಾಕೆಂದು ಕೇಳಬೇಡಿ.

ಹೊಸ ಸೀಸನ್ನಿನ ಮೊದಲ ಶುಕ್ರವಾರ ನೋರಾ ಒಂದು ಚಿತ್ರ ಕಳಿಸಿದರು. ಟಾಮ್ ಕುರ್ಚಿ, ಅದರ ಮೇಲೆ ಅಗಲವಾಗಿ ಹಾಸಿದ ಅವರ ಮಫ್ಲರ್. ನಿನ್ನ ಜಾಗ ಹಿಡಿದಿದ್ದೇನೆ ಪೆಟ್, ಬಾ, ಎಂದು ಬರೆದಿದ್ದರು. ಹುಬ್ಬಳ್ಳಿಯಲ್ಲಾದರೆ ಬಸ್ಸು ಹೊರಟ ಮೇಲೂ ಬಾರದವರ ಟವೆಲ್ ಸರಿಸಿ ಯಾರಾದರೂ ಕೂತುಬಿಡುತ್ತಾರೆ. ಗಾಲ್ವೇಯಲ್ಲಿ ಯಾರೂ ಕೂರುವುದಿಲ್ಲ.

ಖಂಡಿತ ಬರ್ತೀನಿ, ಮುಂದಿನ ಪಂದ್ಯಕ್ಕೇ, ಎಂದು ಬರೆದು ಕಳಿಸಿದೆ. ಹೆಗಲ ಮೇಲಿನಿಂದ ಓದುತ್ತಿದ್ದ ಸನಾ, ನಿಜವಾಗಿಯೂ ಹೋಗ್ತೀವಾ ಎಂದು ಕೇಳಿದಳು.

"ಇಲ್ಲ," ಎಂದೆ. ಅವಳೇನೂ ಆಶ್ಚರ್ಯಪಡಲಿಲ್ಲ.