ಅಪೀಲಿಗೆ ಅಡ್ಡ ಬಂದ ಅಧಿಕ ಮಾಸ

“ತಡ ಯಾಕ್ ಆತ್ರಿ ಅಜ್ಜಿ?” ಎಂದು ತಾಲೂಕು ಪಂಚಾಯಿತಿ ಕಚೇರಿಯ ಗುಮಾಸ್ತರು ಕೇಳಿದರು.

“ಅಧಿಕ ಮಾಸ ಇತ್ತಲ್ರಿ,” ಎಂದರು ಗಂಗವ್ವ ಅತ್ತೆ. ದಾರಿಯಲ್ಲಿ ಮಳೆ ಬಂತು ಅನ್ನುವಷ್ಟು ಸಹಜವಾಗಿ.

ಗುಮಾಸ್ತರ ಪೆನ್ನು ಗಾಳಿಯಲ್ಲೇ ನಿಂತಿತು. (ಅದರ ಕ್ಯಾಪನ್ನು ಅವರು ಕಚ್ಚಿ ಕಚ್ಚಿ ಚಪ್ಪಟೆ ಮಾಡಿದ್ದರು. ಇಂಥವೆಲ್ಲ ನನ್ನ ಕಣ್ಣಿಗೇ ಯಾಕೆ ಬೀಳುತ್ತವೋ!)

ಗಂಗವ್ವ ಅತ್ತೆ ನಮ್ಮವರ ಸೋದರತ್ತೆ. ಶಿರಗುಪ್ಪಿ ಸಮೀಪದ ಹಳ್ಳಿಯವರು, ಎರಡು ಎಮ್ಮೆಗಳ ಯಜಮಾನಿ. ಹಿತ್ತಲಿನ ಕೊಟ್ಟಿಗೆಗೆ ಎಮ್ಮೆ ಹೋಗಲು ಇರುವುದು ಒಂದೇ ದಾರಿ. ಅವರ ಮನೆಗೂ ಪಕ್ಕದ ಬಾಳಾಸಾಹೇಬರ ಮನೆಗೂ ನಡುವಿನ ಸಂದಿ.

ಸಂದಿ ನಂದು, ಗೋಡೆ ಕಟ್ಟುತ್ತೇನೆ ಎಂದರು ಬಾಳಾಸಾಹೇಬರು. ಅತ್ತೆ ತಕರಾರು ಹಾಕಿದರು. ಗ್ರಾಮ ಪಂಚಾಯಿತಿ ಅದನ್ನು ತಳ್ಳಿಹಾಕಿ ಗೋಡೆಗೆ ಪರವಾನಗಿ ಕೊಟ್ಟಿತು. ಒಪ್ಪಿಗೆ ಇಲ್ಲವೇ? ಮೂವತ್ತು ದಿನದೊಳಗೆ ಮೇಲಿನವರಿಗೆ ಅಪೀಲು ಮಾಡಿಕೊಳ್ಳಬೇಕು. ಮಾಡದಿದ್ದರೆ ಗೋಡೆ ಏಳುತ್ತದೆ. ಆಮೇಲೆ ಎಮ್ಮೆಗಳು ಪಡಸಾಲೆ, ಅಡುಗೆಮನೆ ದಾಟಿ ಹಿತ್ತಲಿಗೆ ಹೋಗಬೇಕು. ಇಲ್ಲವೇ ಸಂತೆಗೆ ಹೋಗಬೇಕು.

ಆದೇಶ ಕೈಗೆ ಬಂದ ಮರುದಿನವೇ ಅಧಿಕ ಮಾಸ ಶುರು. ನಮ್ಮ ಕಡೆ ಅದು ಅಳಿಯನನ್ನು ಕರೆದು ಅನಾರಸ, ಅಂದರೆ ಅಕ್ಕಿ-ಬೆಲ್ಲದ ಕಜ್ಜಾಯ, ತಿನ್ನಿಸುವ ತಿಂಗಳು. ಹೊಸ ಕೆಲಸ ಮಾತ್ರ ಏನೂ ಹಿಡಿಯುವಂತಿಲ್ಲ. ಮದುವೆ ಇಲ್ಲ, ಗೃಹಪ್ರವೇಶ ಇಲ್ಲ. ಇನ್ನು ಅಪೀಲು ಹಾಕುವುದುಂಟೆ? ಅತ್ತೆ ಅನಾರಸ ಕರಿದರು. ಬಾಳಾಸಾಹೇಬರ ಮನೆಗೂ ಒಂದು ತಾಟು ಕಳಿಸಿದರು. ಜಗಳ ಸಂದಿಯದು, ಅನಾರಸದ್ದಲ್ಲವಲ್ಲ!

“ಹೆಚ್ಚಿಂದ ಬಂದ ತಿಂಗಳಾ ಯಾರರ ಲೆಕ್ಕಕ್ಕ ಹಿಡೀತಾರೇನ?” ಎನ್ನುವುದು ಅತ್ತೆಯ ವಾದ. ಸರ್ಕಾರ ಹಿಡಿಯುತ್ತದೆ ಎಂದು ಗೊತ್ತಾದದ್ದು ಈ ಕಚೇರಿಯಲ್ಲಿ.

ಅರ್ಜಿ ಬರೆಯಲು ನಿಪ್ಪಾಣಿಯಿಂದ ನನ್ನನ್ನು ಕರೆಸಿಕೊಂಡಿದ್ದರು. “ಕಾನ್ವೆಂಟ್ ಕಲ್ತಾಕಿ, ಬರ್ಯಾಕ ನಿನಗೇನ ಧಾಡಿ?” ಕಾನ್ವೆಂಟಿನಲ್ಲಿ ನಾನು ಬರೆದದ್ದು ರಜೆಯ ಅರ್ಜಿಗಳು ಮಾತ್ರ. ಎಲ್ಲದಕ್ಕೂ ಕಾರಣ ಜ್ವರ.

ಗುಮಾಸ್ತರೂ ಅದನ್ನೇ ಹೇಳಬೇಕೆ! “ತಡಕ್ಕ ಕಾರಣ ಬರದ ಕೊಡ್ರಿ, ಸಾಹೇಬ್ರು ಮಾಫ್ ಮಾಡಬಹುದು. ಆದ್ರ ಅಧಿಕ ಮಾಸ ಅಂತ ಬರೀಬ್ಯಾಡ್ರಿ. ಜ್ವರ ಅನ್ರಿ. ಒಂದ್ ಡಾಕ್ಟರ್ ಸರ್ಟಿಫಿಕೇಟ್ ಹಚ್ಚರಿ.”

“ಗಟ್ಟಿಮುಟ್ಟ ಇದ್ದಾಕಿ ಜಡ್ಡ ಅಂತ ಯಾಕ ಬರಸ್ಲಿ? ಹಂಗಂದ್ರ ಖರೇನ ಜಡ್ಡ ಬರತೈತಿ. ಇದ್ದದ್ದ ಬರಿಯವಾ ನೀ.”

ಬರೆದೆ. ವಿಳಂಬಕ್ಕೆ ಕಾರಣ: ಅಧಿಕ ಮಾಸ. ಅಕ್ಷರ ಮಾತ್ರ ಮುದ್ದಾಗಿ ಬಂತು, ಸಿಸ್ಟರ್‌ಗಳ ಪುಣ್ಯ.

ಮುಂದಿನ ವಾರ ಕಚೇರಿಯ ಸಾಹೇಬರು ಎರಡೂ ಕಡೆಯವರನ್ನು ಕರೆಸಿದರು. ಬಾಳಾಸಾಹೇಬರು ಇಸ್ತ್ರಿ ಮಾಡಿದ ಬಿಳಿ ಅಂಗಿಯಲ್ಲಿ ಬಂದಿದ್ದರು.

“ನಿಮ್ಮ ತಕರಾರ ಐತೇನ್ರಿ?” ಎಂದು ಸಾಹೇಬರು ಅವರನ್ನು ಕೇಳಿದರು.

“ಐತ್ರಿ ಸಾಹೇಬ್ರ. ಮೂವತ್ತ ದಿನದ ಮುದ್ದತ್ ಮುಗದೈತಿ. ಅಧಿಕ ಮಾಸ ಅನ್ನೂದು ಒಂದ್ ಕಾರಣೇನ್ರಿ?”

“ಅದೂ ಖರೇನ. ನಿಮಗ ಪರವಾನಗಿ ಸಿಕ್ಕು ಇಷ್ಟ ದಿನಾ ಆತು. ಗ್ವಾಡಿ ಎಷ್ಟ ಎತ್ರ ಬಂತು?”

“ಇನ್ನೂ ಪಾಯಾನ ತಗದಿಲ್ರಿ.”

“ಯಾಕ?”

ಬಾಳಾಸಾಹೇಬರು ಕಿವಿಯ ಹಿಂದೆ ಕೆರೆದುಕೊಂಡರು. ಅತ್ತೆಯನ್ನೊಮ್ಮೆ, ಫ್ಯಾನನ್ನೊಮ್ಮೆ ನೋಡಿದರು. “ಅಂಥಾ ತಿಂಗಳದಾಗ ಪಾಯಾ ತಗ್ಯಾಕ ನಮ್ಮವ್ವ ಬಿಡೂದಿಲ್ರಿ.”

ಸಾಹೇಬರು ಕನ್ನಡಕ ತೆಗೆದಿಟ್ಟು ನಕ್ಕರು. ತಡ ಮನ್ನಾ ಆಯಿತು. ಅಪೀಲು ದಾಖಲಾಯಿತು. ತೀರ್ಪು ಬರುವವರೆಗೆ ಗೋಡೆ ಕಟ್ಟಬಾರದು ಎಂದೂ ಬರೆದರು.

“ಬಾಳ್ಯಾ, ನಿಮ್ಮವ್ವ ನನ್ನ ವಕೀಲ ಆದ್ಳಲ್ಲೋ!” ಎಂದರು ಅತ್ತೆ.

“ಸಾಕ್ ಬಿಡ್ರಿ ಕಾಕು, ಚಾ ಕುಡ್ಯಾಕ ನಡೀರಿ.”

ಕಾನೂನು ಗೊತ್ತಿರಲಿಲ್ಲ ಅನ್ನುವುದು ನೆಪವಲ್ಲ ಅನ್ನುತ್ತಾರೆ. ಒಪ್ಪೋಣ. ಆದರೆ ಕೊನೆಯ ತಾರೀಕು ಇದು ಎಂದು ಆದೇಶದ ಮೇಲೇ ದಪ್ಪಗೆ ಬರೆದರೆ ಏನು ಗಂಟು ಹೋಗುತ್ತದೆ, ನೀವೇ ಹೇಳಿ? ನಾವು ಕೊಳ್ಳುವ ಹಾಲಿನ ಪ್ಯಾಕೆಟ್ಟಿನ ಮೇಲೂ ಇರುತ್ತದಲ್ಲ! ಎಲ್ಲ ಹಳ್ಳಿಯಲ್ಲೂ ಎದುರು ಪಕ್ಷದವರಿಗೆ ಇಂಥ ತಾಯಿ ಇರುತ್ತಾರೆಯೆ?

ಹೊರಡುವಾಗ ಅತ್ತೆ ಗುಮಾಸ್ತರ ಮೇಜಿನ ಮುಂದೆ ನಿಂತರು.

“ವಿಚಾರಣಿ ಯಾವಾಗ್ರಿ?”

“ತಿಳಿಸ್ತೀವ್ರಿ ಅಜ್ಜಿ. ಭಾಳ ಕೇಸ್ ಅದಾವು, ಟೈಮ್ ಹಿಡಿತೈತಿ.”

“ಎಮ್ಮಿ ಗಬ್ಬ ಐತ್ರಿ. ಇಟ್ಕೊಳ್ಳೂದೋ ಮಾರೂದೋ ನನಗ ಗೊತ್ತಾಗಬೇಕಲ್ಲ?”

ಗುಮಾಸ್ತರು ಕಡತ ತಿರುವುತ್ತಲೇ ಇದ್ದರು. ಅತ್ತೆ ಸೆರಗು ಸರಿಮಾಡಿಕೊಂಡು ಮೆಲ್ಲಗೆ ಕೇಳಿದರು:

“ನನಗ ಮೂವತ್ತ ದಿನ ಅಂದ್ರಿ. ನಿಮಗೆಷ್ಟ್ರಿ?”